ಸಂಘಟನೆ ಇಲ್ಲದ ಸಮಾನತೆ: ಮೈಸೂರು, ಮಂಡ್ಯದ ಅನುಭವ ಮತ್ತು ನಮ್ಮ ಪಕ್ಷಗಳು

ಗೃಹಲಕ್ಷ್ಮಿ ಯೋಜನೆಗೆ ಚಾಲನೆ ದೊರೆತದ್ದು ಮೈಸೂರಿನಲ್ಲಿ, 2023ರ ಆಗಸ್ಟ್ 30ರಂದು, ಮಹಾರಾಜ ಕಾಲೇಜು ಮೈದಾನದಲ್ಲಿ. ಮನೆಯ ಯಜಮಾನಿಯ ಬ್ಯಾಂಕ್ ಖಾತೆಗೆ ತಿಂಗಳಿಗೆ 2,000 ರೂಪಾಯಿ ನೇರವಾಗಿ ಜಮಾ ಆಗುವ ಈ ಯೋಜನೆ ಒಂದು ಕೋಟಿಗೂ ಹೆಚ್ಚು ಮಹಿಳೆಯರನ್ನು ಒಳಗೊಂಡಿದೆ. ಅಂದಿನಿಂದ ಇದೂ ಸೇರಿದಂತೆ ರಾಜ್ಯ ಸರ್ಕಾರದ ಐದು ಗ್ಯಾರಂಟಿಗಳ ಬಗ್ಗೆ ನಡೆಯುತ್ತಿರುವ ಚರ್ಚೆ ಬಹುಮಟ್ಟಿಗೆ ಎರಡೇ ದಿಕ್ಕಿನಲ್ಲಿ ಸಾಗಿದೆ. ಒಂದು ಕಡೆಯವರು ಇದನ್ನು ಬಿಟ್ಟಿ ಭಾಗ್ಯವೆಂದು ಹಳಿಯುತ್ತಾರೆ, ಮತ್ತೊಂದು ಕಡೆಯವರು ಇದೇ ಸಾಮಾಜಿಕ ನ್ಯಾಯವೆಂದು ಸಾರುತ್ತಾರೆ. ಹಳಿಯುವವರ ಮಾತು ನನಗೆ ಒಪ್ಪಿಗೆಯಿಲ್ಲ. ಸ್ವಂತ ಹೆಸರಿನ ಖಾತೆಯಲ್ಲಿ ಎಂದೂ ದುಡ್ಡು ಕಾಣದ ಹೆಣ್ಣುಮಗಳಿಗೆ ತಿಂಗಳಿಗೆ ಎರಡು ಸಾವಿರ ಎಂದರೆ ಔಷಧಿ, ಮಗುವಿನ ಶಾಲೆಯ ಶುಲ್ಕ, ಸಂಘದ ಸಾಲದ ಕಂತು. ಆದರೆ ಎರಡನೆಯವರು ಕೇಳದೇ ಬಿಟ್ಟಿರುವ ಒಂದು ಪ್ರಶ್ನೆಯಿದೆ. ಈ ಹಣ ಬಂದ ಮೇಲೆ ಆ ಹೆಣ್ಣುಮಗಳಿಗೆ ತನ್ನ ಕೂಲಿಯ ಬಗ್ಗೆ, ತನ್ನ ಊರಿನ ಬಗ್ಗೆ, ತಾನು ಮತ ಹಾಕುವ ಪಕ್ಷದ ಬಗ್ಗೆ ಮಾತನಾಡುವ ಶಕ್ತಿ ಹೆಚ್ಚಿತೇ?

ಸಾಮಾಜಿಕ ಪ್ರಜಾಪ್ರಭುತ್ವ ಎನ್ನುವ ಕಲ್ಪನೆಯ ತಿರುಳೇ ಈ ಪ್ರಶ್ನೆ. ನಮ್ಮಲ್ಲಿ ಈ ಕಲ್ಪನೆ ಎರಡು ಮೂಲಗಳಿಂದ ಬಂದಿದೆ. ಮೊದಲನೆಯದು ಯುರೋಪಿನದು. ಮತಪೆಟ್ಟಿಗೆಯ ಮೂಲಕವೇ ಬಂಡವಾಳಕ್ಕೆ ಲಗಾಮು ಹಾಕಿ, ಶಿಕ್ಷಣ, ಆರೋಗ್ಯ, ಪಿಂಚಣಿಗಳನ್ನು ಎಲ್ಲರ ಹಕ್ಕಾಗಿಸಬಹುದು ಎಂದು ನಂಬಿದ ಪಕ್ಷಗಳ ದಾರಿ ಅದು. ಸ್ವೀಡನ್ನಿನ ಸೋಶಿಯಲ್ ಡೆಮಾಕ್ರಟಿಕ್ ಪಕ್ಷ 1932ರಿಂದ 1976ರವರೆಗೆ ಹೆಚ್ಚುಕಡಿಮೆ ಸತತವಾಗಿ ಅಧಿಕಾರದಲ್ಲಿದ್ದುದು ಒಬ್ಬ ನಾಯಕನ ವರ್ಚಸ್ಸಿನಿಂದಲ್ಲ, ಪಕ್ಷದ ಬೆನ್ನಿಗೆ ನಿಂತಿದ್ದ ಕಾರ್ಮಿಕ ಸಂಘಟನೆಯ ಬಲದಿಂದ. 1938ರಲ್ಲಿ ಸಾಲ್ಟ್‌ಶೋಬಾಡೆನ್ ಎಂಬಲ್ಲಿ ಅಲ್ಲಿನ ಕಾರ್ಮಿಕ ಒಕ್ಕೂಟ ಮತ್ತು ಮಾಲೀಕರ ಒಕ್ಕೂಟ ಸರಿಸಮನಾಗಿ ಕುಳಿತು ಮಾಡಿಕೊಂಡ ಒಪ್ಪಂದ, ಮುಂದಿನ ಹಲವು ದಶಕಗಳ ಕಾಲ ಅಲ್ಲಿನ ವೇತನ ಮಾತುಕತೆಗೆ ತಳಹದಿಯಾಯಿತು. ಎರಡನೆಯ ಮೂಲ ಅಂಬೇಡ್ಕರ್. 1949ರ ನವೆಂಬರ್ 25ರಂದು ಸಂವಿಧಾನ ಸಭೆಯಲ್ಲಿ ಮಾಡಿದ ಕೊನೆಯ ದೊಡ್ಡ ಭಾಷಣದಲ್ಲಿ ಅವರು, ರಾಜಕೀಯ ಪ್ರಜಾಪ್ರಭುತ್ವದ ಅಡಿಯಲ್ಲಿ ಸಾಮಾಜಿಕ ಪ್ರಜಾಪ್ರಭುತ್ವ ಇಲ್ಲದಿದ್ದರೆ ಅದು ಬಾಳುವುದಿಲ್ಲ ಎಂದು ಎಚ್ಚರಿಸಿದರು. ಸ್ವಾತಂತ್ರ್ಯ, ಸಮಾನತೆ, ಬಂಧುತ್ವ ಈ ಮೂರನ್ನೂ ಬದುಕಿನ ರೀತಿಯಾಗಿ ಒಪ್ಪಿಕೊಳ್ಳುವುದೇ ಅವರ ದೃಷ್ಟಿಯಲ್ಲಿ ಸಾಮಾಜಿಕ ಪ್ರಜಾಪ್ರಭುತ್ವ. ಸ್ವೀಡನ್ನಿನವರಿಗೆ ಎದುರಾದದ್ದು ವರ್ಗದ ಪ್ರಶ್ನೆ ಮಾತ್ರ. ಅಂಬೇಡ್ಕರ್ ಅವರ ಮುಂದಿದ್ದದ್ದು ಜಾತಿ ಮತ್ತು ವರ್ಗ ಒಂದಕ್ಕೊಂದು ಹೆಣೆದುಕೊಂಡ ಸಮಾಜ. ಹಳೇ ಮೈಸೂರು ಸೀಮೆಯಲ್ಲಿ ಪಕ್ಷಗಳು ಈ ಹೆಣಿಗೆಯನ್ನು ಬಿಡಿಸಲು ನೂರು ವರ್ಷಗಳಿಂದ ಪ್ರಯತ್ನಿಸಿವೆ. ಎಲ್ಲಿ ಗೆದ್ದವು, ಎಲ್ಲಿ ನಿಂತುಹೋದವು ಎಂಬುದನ್ನು ನೋಡಿದರೆ ಇಂದಿನ ಗ್ಯಾರಂಟಿ ರಾಜಕಾರಣದ ಅಳತೆಯೂ ಸಿಗುತ್ತದೆ.

ಇಲ್ಲಿ ಮೊದಲು ಬಂದದ್ದು ಪ್ರಾತಿನಿಧ್ಯದ ಪ್ರಶ್ನೆ. 1881ರಲ್ಲಿ ದಿವಾನ್ ರಂಗಾಚಾರ್ಲು ಅವರ ಕಾಲದಲ್ಲಿ ಪ್ರಜಾಪ್ರತಿನಿಧಿ ಸಭೆ, 1907ರಲ್ಲಿ ನ್ಯಾಯವಿಧಾಯಕ ಸಭೆ ಸ್ಥಾಪನೆಯಾದವು. ಆದರೆ ಸರ್ಕಾರಿ ಹುದ್ದೆಗಳಲ್ಲಿ ಬ್ರಾಹ್ಮಣರ ಪಾಲು ಜನಸಂಖ್ಯೆಯಲ್ಲಿ ಅವರಿಗಿದ್ದ ಪಾಲಿಗಿಂತ ಬಹಳ ದೊಡ್ಡದಾಗಿತ್ತು. ಈ ಅಸಮತೋಲನವನ್ನು ಪ್ರಶ್ನಿಸಲು 1917ರಲ್ಲಿ ಪ್ರಜಾಮಿತ್ರ ಮಂಡಳಿ ಹುಟ್ಟಿಕೊಂಡಿತು. ಮರುವರ್ಷ ನಾಲ್ವಡಿ ಕೃಷ್ಣರಾಜ ಒಡೆಯರ್ ಅವರು ಮುಖ್ಯ ನ್ಯಾಯಾಧೀಶ ಲೆಸ್ಲಿ ಮಿಲ್ಲರ್ ಅಧ್ಯಕ್ಷತೆಯಲ್ಲಿ ಸಮಿತಿಯನ್ನು ನೇಮಿಸಿದರು. ಏಳು ವರ್ಷಗಳೊಳಗೆ ಮೇಲಿನ ಹುದ್ದೆಗಳಲ್ಲಿ ಅರ್ಧದಷ್ಟು, ಕೆಳಗಿನ ಹುದ್ದೆಗಳಲ್ಲಿ ಮೂರನೇ ಎರಡರಷ್ಟು ಬ್ರಾಹ್ಮಣೇತರರಿಗೆ ಸಿಗಬೇಕು ಎಂದು ಸಮಿತಿ 1919ರಲ್ಲಿ ಶಿಫಾರಸು ಮಾಡಿತು. ದಿವಾನ್ ವಿಶ್ವೇಶ್ವರಯ್ಯನವರು ಹುದ್ದೆ ತೊರೆದುದಕ್ಕೆ ಈ ವಿಷಯದ ಭಿನ್ನಾಭಿಪ್ರಾಯವೂ ಒಂದು ಕಾರಣ. ಬ್ರಿಟಿಷ್ ಭಾರತದ ಬಹುಪಾಲು ಪ್ರಾಂತ್ಯಗಳು ಈ ದಿಕ್ಕಿನಲ್ಲಿ ಯೋಚಿಸುವ ಮೊದಲೇ ಒಂದು ಸಂಸ್ಥಾನ ಇಷ್ಟು ದೂರ ನಡೆದದ್ದು ಸಣ್ಣ ಮಾತಲ್ಲ.

ಆ ಹೆಜ್ಜೆಯ ಮಿತಿಯನ್ನೂ ಹೇಳಲೇಬೇಕು. ಬ್ರಾಹ್ಮಣೇತರರೆಲ್ಲರನ್ನೂ ಒಂದೇ ಗುಂಪಾಗಿ ಎಣಿಸಿದ್ದರಿಂದ, ಓದಿಗೆ ಮೊದಲು ಹತ್ತಿರವಾದ, ಜಮೀನು ಮತ್ತು ವ್ಯಾಪಾರ ಹೊಂದಿದ್ದ ಸಮುದಾಯಗಳು ಸಹಜವಾಗಿಯೇ ಮುಂದೆ ಬಂದವು. ದಲಿತರು, ಕುಶಲಕರ್ಮಿ ಜಾತಿಗಳು, ಅಲೆಮಾರಿಗಳು ಬಾಗಿಲ ಹೊರಗೇ ಉಳಿದರು. ಪ್ರಜಾಮಿತ್ರ ಮಂಡಳಿಯ ನೇತೃತ್ವವೂ ಉಳ್ಳವರದೇ ಆಗಿತ್ತು. ಅದರ ಉತ್ತರಾಧಿಕಾರಿಯಾದ ಪ್ರಜಾ ಸಂಯುಕ್ತ ಪಕ್ಷ 1937ರಲ್ಲಿ ಕಾಂಗ್ರೆಸ್ಸಿನಲ್ಲಿ ಲೀನವಾದ ಮೇಲೆಯೇ ಹಳೇ ಮೈಸೂರಿನ ಹಳ್ಳಿಗಳಲ್ಲಿ ಕಾಂಗ್ರೆಸ್ಸಿಗೆ ಬೇರು ಸಿಕ್ಕಿತು. 1938ರ ಏಪ್ರಿಲ್‌ನಲ್ಲಿ ಮದ್ದೂರಿನ ಬಳಿಯ ಶಿವಪುರದಲ್ಲಿ ಟಿ. ಸಿದ್ದಲಿಂಗಯ್ಯನವರ ಅಧ್ಯಕ್ಷತೆಯಲ್ಲಿ ಧ್ವಜ ಸತ್ಯಾಗ್ರಹ ನಡೆದಾಗ ನಿಷೇಧಾಜ್ಞೆಯನ್ನು ಲೆಕ್ಕಿಸದೆ ನೆರೆದ ಸಾವಿರಾರು ರೈತರು ಈ ಹೊಸ ಬೆಸುಗೆಯ ಫಲ. ಸ್ವೀಡನ್ನಿನ ಒಪ್ಪಂದವೂ, ಶಿವಪುರವೂ ಒಂದೇ ವರ್ಷದವು. ಅಲ್ಲಿ ಕಾರ್ಖಾನೆಯ ಕಾರ್ಮಿಕ ಪಕ್ಷದ ಅಡಿಪಾಯವಾಗಿದ್ದ, ಇಲ್ಲಿ ಭೂಮಾಲೀಕ ರೈತ ಆ ಜಾಗದಲ್ಲಿದ್ದ. ನಮ್ಮ ಭಾಗದ ಮುಂದಿನ ರಾಜಕಾರಣದ ಬಹುಪಾಲು ಲಕ್ಷಣಗಳು ಈ ವ್ಯತ್ಯಾಸದಿಂದಲೇ ಹುಟ್ಟಿದವು.

ಮಂಡ್ಯಕ್ಕೆ ಬಂದ ದೊಡ್ಡ ಬದಲಾವಣೆ ಪಕ್ಷಗಳಿಂದ ಬಂದದ್ದಲ್ಲ, ನೀರಿನಿಂದ ಬಂದದ್ದು. 1911ರಲ್ಲಿ ಶುರುವಾದ ಕನ್ನಂಬಾಡಿ ಕಟ್ಟೆ, ಅದರಿಂದ ಹೊರಟ ವಿಶ್ವೇಶ್ವರಯ್ಯ ನಾಲೆ, 1933ರಲ್ಲಿ ಸ್ಥಾಪನೆಯಾದ ಮೈಸೂರು ಸಕ್ಕರೆ ಕಂಪನಿ, 1939ರಲ್ಲಿ ಪ್ರತ್ಯೇಕ ಜಿಲ್ಲೆಯಾಗಿ ಮಂಡ್ಯದ ರಚನೆ, ಇವೆಲ್ಲವೂ ಮೂರು ದಶಕಗಳೊಳಗೆ ಒಂದು ಒಣಸೀಮೆಯನ್ನು ಕಬ್ಬು ಮತ್ತು ಭತ್ತದ ನಾಡಾಗಿಸಿದವು. ನೀರು ಜಮೀನಿಗೆ ಹರಿಯುತ್ತದೆ, ಜಮೀನಿಲ್ಲದವನ ಬಳಿಗೆ ಹರಿಯುವುದಿಲ್ಲ. 1950ರ ದಶಕದ ಮಧ್ಯದಲ್ಲಿ ಮಂಡ್ಯದ ಎರಡು ಹಳ್ಳಿಗಳಲ್ಲಿದ್ದು ಅಧ್ಯಯನ ಮಾಡಿದ ಮಾನವಶಾಸ್ತ್ರಜ್ಞೆ ಸ್ಕಾರ್ಲೆಟ್ ಎಪ್‌ಸ್ಟೈನ್ ಕಂಡುಕೊಂಡದ್ದು ಇಂದಿಗೂ ಯೋಚನೆಗೆ ಹಚ್ಚುವಂಥದ್ದು. ನಾಲೆಯ ನೀರು ಬಂದ ಹಳ್ಳಿಯಲ್ಲಿ ಒಕ್ಕಲಿಗ ಯಜಮಾನರು ಮತ್ತು ಅವರ ಹೊಲದಲ್ಲಿ ದುಡಿಯುವ ದಲಿತ ಕುಟುಂಬಗಳ ನಡುವಿನ ತಲೆಮಾರುಗಳ ಸಂಬಂಧ ಹೆಚ್ಚು ಬದಲಾಗದೆ ಮುಂದುವರಿದಿತ್ತು, ಏಕೆಂದರೆ ಬೇಸಾಯ ಸಮೃದ್ಧವಾದಷ್ಟೂ ಆ ದುಡಿಮೆ ಹೆಚ್ಚು ಬೇಕಾಯಿತು. ನೀರು ಸಿಗದ ಹಳ್ಳಿಯವರು ಮಂಡ್ಯ ಪೇಟೆಯ ಕೆಲಸ, ವ್ಯಾಪಾರ, ಕಾರ್ಖಾನೆಗಳತ್ತ ಮುಖ ಮಾಡಿದ್ದರಿಂದ ಅಲ್ಲಿ ಆ ಹಳೆಯ ಕಟ್ಟು ಸಡಿಲಗೊಂಡಿತ್ತು. ಅಂದರೆ ಒಟ್ಟು ಸಂಪತ್ತು ಬೆಳೆದ ಕಡೆಯೇ ಸಮಾನತೆ ಬೆಳೆಯುತ್ತದೆ ಎಂಬ ನಂಬಿಕೆ ನಮ್ಮದೇ ಜಿಲ್ಲೆಯ ಸಾಕ್ಷ್ಯದ ಮುಂದೆ ನಿಲ್ಲುವುದಿಲ್ಲ. ಮೈಸೂರಿನ ಸಮೀಪದ ಇನ್ನೊಂದು ಹಳ್ಳಿಯಲ್ಲಿ 1948ರಲ್ಲಿ ನೆಲೆಸಿದ್ದ ಸಮಾಜಶಾಸ್ತ್ರಜ್ಞ ಎಂ.ಎನ್. ಶ್ರೀನಿವಾಸ್, ಸಂಖ್ಯೆ ಮತ್ತು ಜಮೀನಿನ ಬಲದಿಂದ ಊರಿನ ಮೇಲೆ ಹಿಡಿತ ಹೊಂದಿರುವ ಪ್ರಬಲ ಜಾತಿ ಎಂಬ ಪರಿಕಲ್ಪನೆಯನ್ನು ರೂಪಿಸಿದ್ದೂ ಇಂಥ ಊರುಗಳನ್ನು ಕಂಡೇ.

ಪ್ರಾತಿನಿಧ್ಯದಿಂದ ಮರುಹಂಚಿಕೆಯತ್ತ ರಾಜಕಾರಣವನ್ನು ಎಳೆದವರು ಹುಣಸೂರು ತಾಲ್ಲೂಕಿನ ಕಲ್ಲಹಳ್ಳಿಯ ದೇವರಾಜ ಅರಸು. 1972ರಲ್ಲಿ ಮುಖ್ಯಮಂತ್ರಿಯಾದ ಅವರು ಸಣ್ಣ ಸಣ್ಣ ಹಿಂದುಳಿದ ಜಾತಿಗಳವರಿಗೆ ಟಿಕೆಟ್ ಕೊಟ್ಟರು, ಅದೇ ವರ್ಷ ಹಿಂದುಳಿದ ವರ್ಗಗಳನ್ನು ಗುರುತಿಸಲು ಎಲ್.ಜಿ. ಹಾವನೂರು ಆಯೋಗವನ್ನು ನೇಮಿಸಿದರು, 1974ರ ಮಾರ್ಚ್ 1ರಿಂದ ಜಾರಿಗೆ ಬಂದ ಭೂಸುಧಾರಣಾ ತಿದ್ದುಪಡಿಯ ಮೂಲಕ ಗೇಣಿ ಪದ್ಧತಿಯನ್ನೇ ರದ್ದುಪಡಿಸಿದರು. ಭೂನ್ಯಾಯಮಂಡಳಿಗಳ ಮುಂದೆ ವಕೀಲರಿಗೆ ಅವಕಾಶವಿರಲಿಲ್ಲ, ಸದಸ್ಯರಲ್ಲಿ ಪರಿಶಿಷ್ಟ ಜಾತಿ ಅಥವಾ ಪಂಗಡದವರೊಬ್ಬರು ಇರಲೇಬೇಕಿತ್ತು. ಫಾರಂ 7 ತುಂಬಿ ತಾನು ಗೇಣಿದಾರನೆಂದು ಹೇಳಿಕೊಳ್ಳುವ ಧೈರ್ಯ ಮಾಡಿದವನಿಗೆ ಕಾನೂನು ಬೆನ್ನೆಲುಬಾಗಿ ನಿಂತಿತು. ಕರ್ನಾಟಕದ ಇತಿಹಾಸದಲ್ಲಿ ಸಾಮಾಜಿಕ ಪ್ರಜಾಪ್ರಭುತ್ವಕ್ಕೆ ಅತಿ ಹತ್ತಿರ ಬಂದ ಕ್ಷಣ ಇದೇ ಎಂದು ನಾನು ನಂಬಿದ್ದೇನೆ.

ಹಾಗಿದ್ದೂ ಆ ಸುಧಾರಣೆಯ ಫಲ ಎಲ್ಲ ಕಡೆ ಒಂದೇ ಆಗಿರಲಿಲ್ಲ. ಗೇಣಿ ವ್ಯಾಪಕವಾಗಿದ್ದ ಕರಾವಳಿ, ಮಲೆನಾಡಿನಲ್ಲಿ ಅದು ಸಮಾಜದ ಚಹರೆಯನ್ನೇ ಬದಲಿಸಿತು. ಸಣ್ಣ ಹಿಡುವಳಿಯ ರೈತರೇ ಹೆಚ್ಚಿದ್ದ, ಗೇಣಿ ಕಡಿಮೆಯಿದ್ದ ಮಂಡ್ಯ, ಮೈಸೂರಿನ ಬಯಲಿನಲ್ಲಿ ಅದು ಮುಟ್ಟಿದ್ದು ಕೆಲವರನ್ನು ಮಾತ್ರ. ಗೇಣಿದಾರನಿಗೆ ಭೂಮಿ ಬಂತು, ಕೂಲಿಯವನಿಗೆ ಬರಲಿಲ್ಲ. ಮುಂದೆ ನಡೆದದ್ದು ಇನ್ನೂ ಗಮನಾರ್ಹ. ಇಂದಿರಾ ಗಾಂಧಿಯವರಿಂದ ಬೇರ್ಪಟ್ಟ ಅರಸು 1980ರ ಜನವರಿಯ ಲೋಕಸಭಾ ಚುನಾವಣೆಯನ್ನು ತಮ್ಮದೇ ಪಕ್ಷದಿಂದ ಎದುರಿಸಿದಾಗ, ರಾಜ್ಯದ 28 ಸ್ಥಾನಗಳಲ್ಲಿ 27 ಇಂದಿರಾ ಕಾಂಗ್ರೆಸ್ಸಿಗೆ, ಒಂದು ಜನತಾ ಪಕ್ಷಕ್ಕೆ ಹೋದವು. ಅರಸು ಅವರ ಪಕ್ಷಕ್ಕೆ ಒಂದೂ ದಕ್ಕಲಿಲ್ಲ. ಜನ ಕೃತಘ್ನರಾಗಿದ್ದರು ಎಂದು ಇದನ್ನು ವಿವರಿಸುವವರಿದ್ದಾರೆ. ಆ ವಿವರಣೆ ಜನರಿಗೆ ಮಾಡುವ ಅನ್ಯಾಯ. ಭೂಮಿ ಪಡೆದವರು, ಹಾಸ್ಟೆಲಿನಲ್ಲಿ ಓದಿದವರು, ಮೀಸಲಾತಿಯಿಂದ ನೌಕರಿ ಹಿಡಿದವರು ಒಂದು ಸಂಘಟನೆಯಾಗಿ ಎಂದೂ ಕಟ್ಟಲ್ಪಟ್ಟಿರಲಿಲ್ಲ. ಕೊಡುಗೆ ಮೇಲಿನಿಂದ ಬಂದಿತ್ತು, ಆದ್ದರಿಂದ ನಿಷ್ಠೆಯೂ ಮೇಲಿದ್ದವರ ಕಡೆಗೇ, ಅಂದರೆ ದೆಹಲಿಯ ಕಡೆಗೇ ಇತ್ತು.

ಆ ಖಾಲಿ ಜಾಗವನ್ನು ತುಂಬಿದವು ಎರಡು ಚಳವಳಿಗಳು. ಎರಡಕ್ಕೂ ಈ ಸೀಮೆಯ ನಂಟಿದೆ. 1973ರಲ್ಲಿ ಸಚಿವ ಬಿ. ಬಸವಲಿಂಗಪ್ಪನವರು ಮೈಸೂರಿನಲ್ಲಿ, ಕನ್ನಡ ಸಾಹಿತ್ಯದಲ್ಲಿ ಬಹಳಷ್ಟು ಬೂಸಾ ಎಂದು ಆಡಿದ ಮಾತು ಎಬ್ಬಿಸಿದ ಗಲಭೆ, ಅವರ ರಾಜೀನಾಮೆ ಮತ್ತು ದಲಿತ ವಿದ್ಯಾರ್ಥಿಗಳ ಮೇಲಿನ ಹಲ್ಲೆಗಳ ನಡುವಿನಿಂದ ದಲಿತ ಸಂಘರ್ಷ ಸಮಿತಿ ಮೈದಳೆಯಿತು. ಹೆಂಡ ಬೇಡ, ವಸತಿ ಶಾಲೆ ಬೇಕು ಎಂಬ ಅದರ ಘೋಷಣೆ ಒಂದೇ ಉಸಿರಿನಲ್ಲಿ ಸರ್ಕಾರದ ವರಮಾನದ ನೀತಿಯನ್ನೂ ವೆಚ್ಚದ ನೀತಿಯನ್ನೂ ಪ್ರಶ್ನಿಸಿತು. 1980ರಲ್ಲಿ ನರಗುಂದ, ನವಲಗುಂದದ ಗೋಲಿಬಾರಿನ ನಂತರ ರೂಪುಗೊಂಡ ಕರ್ನಾಟಕ ರಾಜ್ಯ ರೈತ ಸಂಘಕ್ಕೆ ಸಮಾಜವಾದಿ ಹಿನ್ನೆಲೆಯ ಎಂ.ಡಿ. ನಂಜುಂಡಸ್ವಾಮಿ ಸಿದ್ಧಾಂತದ ಬಲ ಕೊಟ್ಟರೆ, ಪಾಂಡವಪುರ ಸೀಮೆಯ ಕೆ.ಎಸ್. ಪುಟ್ಟಣ್ಣಯ್ಯ ಅದನ್ನು ಮಂಡ್ಯದ ಊರೂರಿಗೆ ಒಯ್ದರು. ಸಾಲ ವಸೂಲಿಗೆ ಅಧಿಕಾರಿಗಳು ಅಪ್ಪಣೆಯಿಲ್ಲದೆ ಊರೊಳಗೆ ಬರಬಾರದು ಎಂಬ ಫಲಕಗಳು, ಜಪ್ತಿಯಾದ ಸಾಮಾನನ್ನು ಹಸಿರು ಶಾಲಿನವರು ಮರುಜಪ್ತಿ ಮಾಡಿ ತಂದುಕೊಡುತ್ತಿದ್ದುದು, ಇವೆಲ್ಲ ಅಧಿಕಾರದ ಎದುರು ತಲೆಯೆತ್ತಿ ಮಾತನಾಡುವ ಅಭ್ಯಾಸವನ್ನು ಬೆಳೆಸಿದವು. ಯಾವ ಯೋಜನೆಯೂ ಕೊಡಲಾಗದ ಸಂಪತ್ತು ಅದು.

ಆದರೆ ಎರಡು ಚಳವಳಿಗಳೂ ಒಂದೇ ಹೊಲದ ಎರಡು ಬದಿಗಳಲ್ಲಿ ನಿಂತಿದ್ದವು. ರೈತ ಸಂಘ ಕೇಳಿದ್ದು ಬೆಳೆಗೆ ನ್ಯಾಯವಾದ ಬೆಲೆ. ಅದೇ ಬೆಳೆಯನ್ನು ಕೊಯ್ಯುವ ದಲಿತ ಕೂಲಿಗೆ ಬೇಕಿದ್ದದ್ದು ನ್ಯಾಯವಾದ ಕೂಲಿ ಮತ್ತು ಒಂದು ತುಂಡು ಭೂಮಿ. ಮಾಲೀಕನ ಲೆಕ್ಕದಲ್ಲಿ ಕೂಲಿ ಒಂದು ಖರ್ಚು. ಈ ವಿರೋಧವನ್ನು ಕುಳಿತು ಬಗೆಹರಿಸುವ ವೇದಿಕೆ ಹುಟ್ಟದೇ ಹೋದದ್ದೇ ಹಳೇ ಮೈಸೂರಿನ ಸಮಾನತೆಯ ಹೋರಾಟದ ದೊಡ್ಡ ನಷ್ಟ ಎಂದು ನನಗೆ ತೋರುತ್ತದೆ. 2005ರಲ್ಲಿ ದೇವನೂರ ಮಹಾದೇವ ಮತ್ತು ಸಂಗಾತಿಗಳು ಸರ್ವೋದಯ ಕರ್ನಾಟಕ ಪಕ್ಷದ ಮೂಲಕ ರೈತ ಮತ್ತು ದಲಿತ ಧಾರೆಗಳನ್ನು ಒಂದುಗೂಡಿಸಲು ಮುಂದಾದದ್ದು ಇದನ್ನು ಅರಿತೇ. 2013ರಲ್ಲಿ ಪುಟ್ಟಣ್ಣಯ್ಯ, 2023ರಲ್ಲಿ ಅವರ ಮಗ ದರ್ಶನ್ ಪುಟ್ಟಣ್ಣಯ್ಯ ಮೇಲುಕೋಟೆಯಿಂದ ಆ ಪಕ್ಷದ ಹೆಸರಿನಲ್ಲಿ ಗೆದ್ದರು. ಒಂದು ಕ್ಷೇತ್ರದಾಚೆಗೆ ಅದು ಹರಡಲಿಲ್ಲ.

ಉಳಿದ ಆರು ಕ್ಷೇತ್ರಗಳ ಕಥೆ ಬೇರೆ. 2018ರಲ್ಲಿ ಮಂಡ್ಯ ಜಿಲ್ಲೆಯ ಏಳೂ ಸ್ಥಾನಗಳನ್ನು ಜೆಡಿಎಸ್ ಗೆದ್ದಿತು. 2023ರಲ್ಲಿ ಐದು ಕಾಂಗ್ರೆಸ್ಸಿಗೆ ಹೋಗಿ ಜೆಡಿಎಸ್‌ಗೆ ಒಂದು ಉಳಿಯಿತು. 2024ರ ಲೋಕಸಭೆಯಲ್ಲಿ ಬಿಜೆಪಿ ಮೈತ್ರಿಯೊಂದಿಗೆ ಎಚ್.ಡಿ. ಕುಮಾರಸ್ವಾಮಿ ಗೆದ್ದರು. ಆರು ವರ್ಷಗಳಲ್ಲಿ ಇಷ್ಟು ದೊಡ್ಡ ಅಲೆಗಳು ಎದ್ದರೂ ಚರ್ಚೆಯಾದದ್ದು ಯಾವ ನಾಯಕ, ಯಾವ ಸಮುದಾಯ, ಯಾವ ಮನೆತನ ಎಂಬುದೇ ಹೊರತು ಕೂಲಿಯ ದರವಲ್ಲ, ಸರ್ಕಾರಿ ಜಮೀನಿನ ಸಾಗುವಳಿಯ ಸಕ್ರಮ ಕೋರುವ ಬಗರ್‌ಹುಕುಂ ಅರ್ಜಿಗಳಲ್ಲ. 2020ರ ಭೂಸುಧಾರಣಾ ತಿದ್ದುಪಡಿ 79ಎ, 79ಬಿ ಕಲಮುಗಳನ್ನು ತೆಗೆದುಹಾಕಿ, ಕೃಷಿಕರಲ್ಲದವರೂ ಕೃಷಿಭೂಮಿ ಕೊಳ್ಳುವ ದಾರಿಯನ್ನು ತೆರೆಯಿತು. 2023ರ ಮಾರ್ಚ್‌ನಲ್ಲಿ ಉದ್ಘಾಟನೆಯಾದ ಬೆಂಗಳೂರು–ಮೈಸೂರು ಹೆದ್ದಾರಿಯ ಇಕ್ಕೆಲಗಳಲ್ಲಿ ಆ ತಿದ್ದುಪಡಿಯ ಅರ್ಥವೇನೆಂದು ಯಾರೂ ವಿವರಿಸಿ ಹೇಳಬೇಕಿಲ್ಲ. ಅರಸು ಕಾಲದ ಕಾನೂನಿನ ಆಶಯವನ್ನೇ ಅಲುಗಿಸಿದ ಈ ಬದಲಾವಣೆ, ರೈತರದೇ ಜಿಲ್ಲೆಯೆನಿಸಿದ ಮಂಡ್ಯದಲ್ಲಿ ಚುನಾವಣೆಯ ಮುಖ್ಯ ವಿಷಯ ಆಗಲಿಲ್ಲ ಎಂಬುದು ಪಕ್ಷಗಳ ಸ್ಥಿತಿಯನ್ನು ತೋರಿಸುತ್ತದೆ.

ಗ್ಯಾರಂಟಿಗಳನ್ನು ಈ ಹಿನ್ನೆಲೆಯಲ್ಲಿಟ್ಟು ನೋಡಬೇಕು. ಯುರೋಪಿನ ಕಲ್ಯಾಣ ರಾಜ್ಯಗಳಿಗೆ ಆದಾಯಕ್ಕೆ ತಕ್ಕಂತೆ ಏರುವ ನೇರ ತೆರಿಗೆ ಒಂದು ಮುಖ್ಯ ಆಧಾರವಾಗಿತ್ತು. ಭಾರತದಲ್ಲಿ ಆದಾಯ ತೆರಿಗೆ ಕೇಂದ್ರದ್ದು, 2017ರ ಜುಲೈನಲ್ಲಿ ಜಿಎಸ್‌ಟಿ ಬಂದ ಮೇಲೆ ಮಾರಾಟ ತೆರಿಗೆಯ ಬಹುಪಾಲು ಸ್ವಾತಂತ್ರ್ಯವೂ ರಾಜ್ಯದ ಕೈತಪ್ಪಿತು. ರಾಜ್ಯದ ಕೈಯಲ್ಲಿ ಉಳಿದದ್ದು ಮದ್ಯದ ಅಬಕಾರಿ, ಪೆಟ್ರೋಲ್, ಡೀಸೆಲ್ ಮೇಲಿನ ತೆರಿಗೆ, ನೋಂದಣಿ ಮತ್ತು ಮುದ್ರಾಂಕ ಶುಲ್ಕ, ವಾಹನ ತೆರಿಗೆ. 2024–25ರ ಬಜೆಟ್‌ನಲ್ಲಿ ಐದು ಗ್ಯಾರಂಟಿಗಳಿಗೆ ಸುಮಾರು 52 ಸಾವಿರ ಕೋಟಿ ರೂಪಾಯಿ ಇಟ್ಟ ಸರ್ಕಾರ, 2023ರಲ್ಲಿ ಮದ್ಯದ ಅಬಕಾರಿ ಸುಂಕವನ್ನೂ 2024ರ ಜೂನ್‌ನಲ್ಲಿ ಇಂಧನದ ಮಾರಾಟ ತೆರಿಗೆಯನ್ನೂ ಏರಿಸಿತು. 2025ರ ಜನವರಿಯಲ್ಲಿ ಬಸ್ ಪ್ರಯಾಣ ದರ ಶೇ 15ರಷ್ಟು ಹೆಚ್ಚಿತು. ಹೆಂಡತಿಯ ಖಾತೆಗೆ ಬಂದ ಹಣದ ಒಂದು ಪಾಲು ಗಂಡನ ಕುಡಿತದ ಮೂಲಕ, ಅವನ ಬಸ್ ಟಿಕೆಟಿನ ಮೂಲಕ ಖಜಾನೆಗೆ ಹಿಂದಿರುಗುತ್ತದೆ. ಹೆಂಡ ಬೇಡ ಎಂಬ ದಲಿತ ಸಂಘರ್ಷ ಸಮಿತಿಯ ಆ ಘೋಷಣೆ ಇಷ್ಟು ವರ್ಷಗಳ ನಂತರವೂ ಉತ್ತರ ಕಾಣದೇ ಉಳಿದಿದೆ. ಉಳ್ಳವರ ಸಂಪತ್ತನ್ನು ಮುಟ್ಟದೆ, ಬಡವರ ಬಳಕೆಯ ಮೇಲಿನ ತೆರಿಗೆಯಿಂದಲೇ ಬಡವರಿಗೆ ಹಂಚುವ ವ್ಯವಸ್ಥೆ ಅಸಮಾನತೆಯ ನೋವನ್ನು ತಗ್ಗಿಸೀತು, ಅದರ ಮೂಲವನ್ನು ತಗ್ಗಿಸದು. ಇದಕ್ಕೆ ರಾಜ್ಯ ಸರ್ಕಾರವೊಂದನ್ನೇ ದೂರಿ ಫಲವಿಲ್ಲ. ತೆರಿಗೆ ಹಾಕುವ ಹಕ್ಕು ಒಂದು ಕಡೆ, ಕಲ್ಯಾಣದ ಹೊಣೆ ಇನ್ನೊಂದು ಕಡೆ ಇರುವ ಒಕ್ಕೂಟದಲ್ಲಿ ಯಾವ ಪಕ್ಷ ಅಧಿಕಾರಕ್ಕೆ ಬಂದರೂ ಈ ಗೋಡೆಗೆ ಹಣೆ ತಾಗುತ್ತದೆ.

ಶಕ್ತಿ ಯೋಜನೆ ಬಂದ ಮೇಲೆ ಹಳ್ಳಿಯಿಂದ ಪೇಟೆಯ ಕೆಲಸಕ್ಕೆ ಹೋಗುವ ಹೆಣ್ಣುಮಕ್ಕಳ ದಿನದ ಬಸ್ ಖರ್ಚು ಉಳಿದಿದೆ. ಇದು ನಿಜವಾದ ಲಾಭ. ಆದರೆ ಬಸ್ಸಿಳಿದು ಕಾರ್ಖಾನೆಯ ಗೇಟಿನೊಳಗೆ ಹೋದ ಮೇಲೆ ಏನಾಗುತ್ತದೆ? 2020ರ ಜೂನ್‌ನಲ್ಲಿ ಶ್ರೀರಂಗಪಟ್ಟಣದ ಸಿದ್ಧ ಉಡುಪು ಕಾರ್ಖಾನೆಯೊಂದು ಬಾಗಿಲು ಮುಚ್ಚಿದಾಗ 1,200ಕ್ಕೂ ಹೆಚ್ಚು ಕಾರ್ಮಿಕರು ಬೀದಿಗೆ ಬಿದ್ದರು. ಅವರಲ್ಲಿ ಬಹುತೇಕರು ಸುತ್ತಲಿನ ಹಳ್ಳಿಗಳ ಹೆಂಗಸರು. ವಾರಗಟ್ಟಲೆ ಕಾರ್ಖಾನೆಯ ಮುಂದೆ ಧರಣಿ ಕುಳಿತ ಅವರ ಜೊತೆ ನಿಂತದ್ದು ಅವರದೇ ಕಾರ್ಮಿಕ ಸಂಘ. ನಾಡಿನ ಮೂರು ದೊಡ್ಡ ಪಕ್ಷಗಳಲ್ಲಿ ಯಾವುದಕ್ಕೂ ಆ ಧರಣಿ ತನ್ನದೇ ಹೋರಾಟ ಎನಿಸಲಿಲ್ಲ. ಸರ್ಕಾರದಿಂದ ಎರಡು ಸಾವಿರ ಪಡೆಯುವ ಅದೇ ಹೆಣ್ಣುಮಗಳು ಮಾಲೀಕನ ಮುಂದೆ ಕನಿಷ್ಠ ವೇತನ ಕೇಳಲು ನಿಂತಾಗ ಒಂಟಿಯಾಗಿಯೇ ಉಳಿಯುತ್ತಾಳೆ.

ಊರಿನ ಮಟ್ಟದಲ್ಲೂ ಇದೇ ಕೊರತೆ. 1983ರ ಪಂಚಾಯತ್ ಕಾಯ್ದೆಯ ಮೂಲಕ ಮಹಿಳೆಯರಿಗೆ ಶೇ 25ರಷ್ಟು ಸ್ಥಾನ ಮೀಸಲಿಟ್ಟು ದೇಶಕ್ಕೇ ದಾರಿ ತೋರಿದ ರಾಜ್ಯ ನಮ್ಮದು. ಆ ಕಾಯ್ದೆಯ ರೂವಾರಿ ಅಬ್ದುಲ್ ನಜೀರ್ ಸಾಬ್ ಅವರ ಹೆಸರಿನ ಗ್ರಾಮೀಣಾಭಿವೃದ್ಧಿ ಸಂಸ್ಥೆ ಮೈಸೂರಿನಲ್ಲೇ ಇದೆ. ಅಂಥ ರಾಜ್ಯದಲ್ಲಿ 2016ರಲ್ಲಿ ಆಯ್ಕೆಯಾದ ಜಿಲ್ಲಾ ಮತ್ತು ತಾಲ್ಲೂಕು ಪಂಚಾಯಿತಿಗಳ ಅವಧಿ 2021ರಲ್ಲಿ ಮುಗಿದ ನಂತರ ವರ್ಷಗಟ್ಟಲೆ ಚುನಾವಣೆ ನಡೆಯಲಿಲ್ಲ. ಬಿಜೆಪಿ ಸರ್ಕಾರವೂ ಮುಂದೂಡಿತು, ಕಾಂಗ್ರೆಸ್ ಸರ್ಕಾರವೂ ಮುಂದೂಡಿತು. ಫಲಾನುಭವಿಗಳ ಪಟ್ಟಿ ಅಧಿಕಾರಿಗಳ ಕೈಯಲ್ಲಿ, ತಂತ್ರಾಂಶದ ಒಳಗೆ ಸಿದ್ಧವಾಗುತ್ತದೆ. ಹೆಸರು ಬಿಟ್ಟುಹೋದವಳು ಕೇಳಬೇಕಾದ ತಾಲ್ಲೂಕು, ಜಿಲ್ಲಾ ಪಂಚಾಯಿತಿಯ ಚುನಾಯಿತ ಸದಸ್ಯರೇ ಇಲ್ಲದಿದ್ದಾಗ, ಹಕ್ಕಾಗಿ ಬರಬೇಕಾದದ್ದು ಶಾಸಕರ ಮನೆಯ ಮುಂದಿನ ಮನವಿಯಾಗುತ್ತದೆ.

ಪರಿಶಿಷ್ಟ ಜಾತಿಗಳ ಒಳಮೀಸಲಾತಿಯ ವಿಷಯದಲ್ಲಿ ಮಾತ್ರ ಇದಕ್ಕೆ ವಿರುದ್ಧವಾದ ಅನುಭವವಿದೆ. ದಶಕಗಳ ಕಾಲ ಮಾದಿಗ ಸಮುದಾಯದ ಸಂಘಟನೆಗಳು ಪಕ್ಷಗಳನ್ನು ಬಿಡದೆ ಒತ್ತಾಯಿಸಿದ್ದರಿಂದಲೇ ಅದು ಜೀವಂತವಾಗಿ ಉಳಿಯಿತು. ಒಳಮೀಸಲಾತಿಗೆ ಅವಕಾಶ ಕೊಟ್ಟ 2024ರ ಆಗಸ್ಟ್ 1ರ ಸುಪ್ರೀಂ ಕೋರ್ಟ್ ತೀರ್ಪಿನ ನಂತರ ನಾಗಮೋಹನ್ ದಾಸ್ ಆಯೋಗದ ವರದಿ ಬಂದು, 2025ರ ಆಗಸ್ಟ್‌ನಲ್ಲಿ ರಾಜ್ಯ ಸಚಿವ ಸಂಪುಟ ಶೇ 17ರ ಮೀಸಲಾತಿಯನ್ನು ಮೂರು ಗುಂಪುಗಳಿಗೆ ಶೇ 6, 6, 5 ಎಂದು ಹಂಚಲು ತೀರ್ಮಾನಿಸಿತು. ಆ ಹಂಚಿಕೆಯಲ್ಲಿ ತಮಗೆ ಪ್ರತ್ಯೇಕ ಪಾಲು ಸಿಗಲಿಲ್ಲವೆಂದು ಅಲೆಮಾರಿ ಸಮುದಾಯಗಳು ಬೀದಿಗಿಳಿದವು, ಅವರ ಅಹವಾಲು ನ್ಯಾಯವಾದದ್ದೇ. ಮಿಲ್ಲರ್ ಸಮಿತಿಯ ಕಾಲದಿಂದಲೂ ಗುಂಪಿನೊಳಗೆ ದನಿ ಸಣ್ಣದಾಗಿರುವವರು ಹಿಂದೆ ಉಳಿಯುತ್ತಲೇ ಬಂದಿದ್ದಾರೆ. ಆದರೂ ಒಳಗಿನ ಹಂಚಿಕೆಯ ತತ್ವವೇ ಅಂಗೀಕಾರವಾದದ್ದು ಯಾವ ನಾಯಕನ ಔದಾರ್ಯದಿಂದಲ್ಲ, ಸಂಘಟಿತ ಜನರ ಛಲದಿಂದ.

ಪಕ್ಷವೊಂದು ಮಂಡ್ಯದಲ್ಲಿ ಸಮಾನತೆಯ ಮಾತನ್ನು ನಿಜವಾಗಿ ಆಡಬೇಕೆಂದರೆ ಕಬ್ಬಿನ ಗದ್ದೆಯಿಂದ ಶುರುಮಾಡಬಹುದು. ಕಬ್ಬಿನ ನ್ಯಾಯಯುತ ಮತ್ತು ಲಾಭದಾಯಕ ಬೆಲೆಯನ್ನು ಕೇಂದ್ರ ನಿಗದಿ ಮಾಡುತ್ತದೆ. 2025–26ರ ಹಂಗಾಮಿಗೆ ಅದು ಶೇ 10.25ರ ಸಕ್ಕರೆ ಇಳುವರಿಗೆ ಕ್ವಿಂಟಲ್‌ಗೆ 355 ರೂಪಾಯಿ. ಅದರ ಮೇಲಿನ ಹೆಚ್ಚುವರಿ ಬೆಲೆಗೆ, ಬಾಕಿಗೆ, ಸಾಗಣೆ ವೆಚ್ಚಕ್ಕೆ ರೈತರು ಹೋರಾಡುತ್ತಾರೆ, ಸಚಿವರು ಸಭೆ ಕರೆಯುತ್ತಾರೆ, ಕಾರ್ಖಾನೆಯವರು ಬರುತ್ತಾರೆ. ಹೊರ ಜಿಲ್ಲೆಗಳಿಂದ ಮಕ್ಕಳುಮರಿಯೊಂದಿಗೆ ಬಂದು, ಗದ್ದೆಯ ಬದಿಯಲ್ಲಿ ಗುಡಿಸಲು ಹಾಕಿಕೊಂಡು ಕಬ್ಬು ಕಡಿಯುವವರು ಆ ಸಭೆಯಲ್ಲಿ ಇರುವುದಿಲ್ಲ. ಕಟಾವಿನ ಕೂಲಿ ರೈತನ ಬಿಲ್ಲಿನಲ್ಲಿ ಕಡಿತವಾಗುವ ಒಂದು ಬಾಬ್ತಾಗಿ ಮಾತ್ರ ಕಾಣಿಸಿಕೊಳ್ಳುತ್ತದೆ. ಬೆಲೆಯನ್ನೂ ಕೂಲಿಯನ್ನೂ ಒಂದೇ ಮೇಜಿನ ಮೇಲಿಟ್ಟು, ಕಾರ್ಖಾನೆಯ ಲಾಭದಿಂದ ಎರಡಕ್ಕೂ ಪಾಲು ಕೇಳುವ ಒಪ್ಪಂದವನ್ನು ಕಾನೂನಿನ ಬಲದೊಂದಿಗೆ ಮಾಡಿಸಲು ರಾಜ್ಯಕ್ಕೆ ದೆಹಲಿಯಿಂದ ಹೊಸ ತೆರಿಗೆ ಹಕ್ಕೇನೂ ಬೇಕಿಲ್ಲ. ಬೇಕಿರುವುದು ರೈತ ಸಂಘ, ದಲಿತ ಸಂಘಟನೆಗಳು ಮತ್ತು ಕೂಲಿಕಾರರ ಸಂಘಗಳನ್ನು ಹಂಗಾಮು ಶುರುವಾಗುವ ಮೊದಲೇ ಒಂದೆಡೆ ಕೂರಿಸುವ, ಆ ಮೂವರ ಪ್ರತಿನಿಧಿಗಳಿಗೂ ತನ್ನ ಟಿಕೆಟ್ ಹಂಚಿಕೆಯಲ್ಲಿ ಜಾಗ ಕೊಡುವ ಒಂದು ಪಕ್ಷ.